ಹೊತ್ತು ತಪ್ಪಿಸುವ ಚಂದ್ರ

ನಮಗೆ ಅಮಾವಾಸ್ಯೆಯಾದಾಗ ಪಿತೃಗಳಿಗೆ ನಡುಹಗಲು. 1150ರಲ್ಲಿ ಭಾಸ್ಕರಾಚಾರ್ಯರು ಬರೆದ ‘ಸಿದ್ಧಾಂತ ಶಿರೋಮಣಿ’ಯಲ್ಲಿ ಈ ಮಾತು ಬರುತ್ತದೆ. ಪಿತೃಗಳು ಇರುವುದು ಚಂದ್ರನ ಮೇಲ್ಭಾಗದಲ್ಲಿ, ಅಂದರೆ ನಮಗೆ ಕಾಣದ ಆಚೆಯ ಮಗ್ಗುಲಲ್ಲಿ. ಅಮಾವಾಸ್ಯೆಯಂದು ಸೂರ್ಯ ಅವರ ನೆತ್ತಿಯ ಮೇಲಿರುತ್ತಾನೆ ಎಂಬುದು ಭಾಸ್ಕರಾಚಾರ್ಯರು ಕೊಡುವ ಕಾರಣ. ಚಂದ್ರನಲ್ಲಿರುವವರಿಗೆ ಸೂರ್ಯ ಒಂದು ಪಕ್ಷವಿಡೀ ಕಾಣುತ್ತಾನೆಂದು ಸೂರ್ಯಸಿದ್ಧಾಂತವೂ ಹೇಳುತ್ತದೆ. ಹೀಗೆ ನಮ್ಮ ಒಂದು ತಿಂಗಳು ಪಿತೃಗಳಿಗೆ ಒಂದು ದಿನ. ಅಂಥ 360 ದಿನ ಸೇರಿ ಅವರ ಒಂದು ವರ್ಷವಾಗುವಷ್ಟರಲ್ಲಿ ಇಲ್ಲಿ 29 ವರ್ಷ ದಾಟಿರುತ್ತದೆ. ಅಷ್ಟರಲ್ಲಿ ಮಗುವಾಗಿದ್ದವರು ಮಗುವಿಗೆ ತಂದೆತಾಯಿಯಾಗಿರುತ್ತಾರೆ.

ಕಾಲವನ್ನು ಏರುಪೇರು ಮಾಡುವ ಚಂದ್ರಗಳು ಇಂದಿನ ಅದ್ಭುತ ಕಥೆಗಳಲ್ಲೂ ವಿಡಿಯೊ ಗೇಮುಗಳಲ್ಲೂ ಇವೆ. ನನಗೆ ಅವೆಲ್ಲಕ್ಕಿಂತ ಈ ಹಳೆಯ ಪಿತೃಲೋಕ ಹೆಚ್ಚು ಸೊಗಸಾಗಿ ಕಾಣುತ್ತದೆ. ಅಲ್ಲಿನ ನಿವಾಸಿಗಳು ನಂಬಿಕೆಗೆ ಸೇರಿದವರು, ಆದರೆ ಅಲ್ಲಿನ ಹಗಲು ಇರುಳು ಅಪ್ಪಟ ರೇಖಾಗಣಿತ. ಚಂದ್ರನಲ್ಲಿ ಒಂದು ಸೂರ್ಯೋದಯದಿಂದ ಇನ್ನೊಂದಕ್ಕೆ ಇಪ್ಪತ್ತೊಂಬತ್ತೂವರೆ ದಿನ. ಅಮಾವಾಸ್ಯೆಯಂದು ನಮ್ಮತ್ತ ಇರುವ ಮುಖ ಕತ್ತಲಾಗಿದ್ದರೆ ಆಚೆಯ ಮಗ್ಗುಲು ಪೂರ್ತಿ ಬಿಸಿಲಲ್ಲಿರುತ್ತದೆ. ಬೆಂಗಳೂರಿನಲ್ಲಿ ಇಸ್ರೋದ ಇಸ್ಟ್ರಾಕ್ ನಿಯಂತ್ರಣ ಕೇಂದ್ರದಲ್ಲಿ ಕುಳಿತು ಚಂದ್ರಯಾನ-3ನ್ನು ನಡೆಸಿದವರು ದುಡಿದದ್ದೂ ಇದೇ ಪಂಚಾಂಗಕ್ಕೆ. 2023ರ ಆಗಸ್ಟ್ 23ರಂದು ಅದರ ಲ್ಯಾಂಡರ್ ವಿಕ್ರಮ್ ಇಳಿದಾಗ ಅಲ್ಲಿ ಆಗಷ್ಟೇ ಬೆಳಗಾಗಿತ್ತು. ಸೆಪ್ಟೆಂಬರ್ ಮೊದಲ ವಾರದಲ್ಲಿ ಸಂಜೆ ಸಮೀಪಿಸಿತು, ವಿಕ್ರಮನನ್ನೂ ಅದರೊಂದಿಗಿದ್ದ ರೋವರ್ ಪ್ರಜ್ಞಾನನನ್ನೂ ಮಲಗಿಸಲಾಯಿತು. ನಮ್ಮ ಲೆಕ್ಕದ ಹದಿನಾಲ್ಕು ದಿನದ ಆ ರಾತ್ರಿಯ ಚಳಿಯಿಂದ ಅವು ಮತ್ತೆ ಏಳಲಿಲ್ಲ.

ಆದರೆ ದಿನ ಉದ್ದವಾಗುವುದು ಒಂದು, ಕಾಲವೇ ನಿಧಾನವಾಗುವುದು ಇನ್ನೊಂದು. ಪಿತೃಗಳ ಕೈಯಲ್ಲೊಂದು ಗಡಿಯಾರವಿದ್ದರೆ ಅದು ನಮ್ಮದರಂತೆಯೇ ಟಿಕ್‌ಟಿಕ್ ಎನ್ನುತ್ತಿತ್ತು. ಸರಿಯಾಗಿ ಹೇಳಬೇಕೆಂದರೆ, ನಮ್ಮದಕ್ಕಿಂತ ಕೂದಲೆಳೆಯಷ್ಟು ಬೇಗ. ಗುರುತ್ವ ಹೆಚ್ಚಿದ್ದಲ್ಲಿ ಕಾಲ ನಿಧಾನವಾಗಿ ಸಾಗುತ್ತದೆಂದು ಐನ್‌ಸ್ಟೈನ್ ತೋರಿಸಿಕೊಟ್ಟರು. ಚಂದ್ರ ಹಗುರ, ಹಾಗಾಗಿ ಅಲ್ಲಿನ ಗಡಿಯಾರ ದಿನಕ್ಕೆ ಸುಮಾರು 56 ಮೈಕ್ರೋಸೆಕೆಂಡ್ ಮುಂದೆ ಹೋಗುತ್ತದೆ. ಮೈಕ್ರೋಸೆಕೆಂಡ್ ಎಂದರೆ ಸೆಕೆಂಡಿನ ಹತ್ತು ಲಕ್ಷದಲ್ಲೊಂದು ಪಾಲು. ಇದನ್ನು ಅತಿ ಅಲ್ಪವೆಂದು ಬಿಡುವಂತಿಲ್ಲ. ಅಷ್ಟು ಹೊತ್ತಿನಲ್ಲಿ ಬೆಳಕು ಸುಮಾರು 17 ಕಿಲೋಮೀಟರ್ ಸಾಗುತ್ತದೆ. ಬೆಳಕಿನ ವೇಗದಲ್ಲಿ ಸಾಗುವ ಸಂಕೇತದಿಂದ ದಾರಿ ಗುರುತಿಸುವ ನೌಕೆಗೆ ಅಷ್ಟು ತಪ್ಪಿದರೆ ಇಳಿಯುವ ಜಾಗವೇ ತಪ್ಪೀತು. ಚಂದ್ರನಿಗೇ ಒಂದು ಅಧಿಕೃತ ಕಾಲಮಾನ ರೂಪಿಸಬೇಕೆಂದು ಅಮೆರಿಕದ ಸರ್ಕಾರ 2024ರ ಏಪ್ರಿಲ್‌ನಲ್ಲಿ ನಾಸಾಗೆ ಸೂಚಿಸಿದ್ದು ಇದಕ್ಕಾಗಿಯೇ.

ಕಥೆಗಾರನಿಗೆ ಮೈಕ್ರೋಸೆಕೆಂಡಿನಿಂದ ಏನೂ ಆಗದು. ಗಡಿಯಾರವನ್ನು ಗಂಟೆಗೆ ಒಂದು ನಿಮಿಷವಾದರೂ ಹಿಂದೆ ಬೀಳಿಸುವ ಚಂದ್ರ ಬೇಕು ಎನ್ನೋಣ. ಗಾತ್ರ ನಮ್ಮ ಚಂದ್ರನಷ್ಟೇ ಇರಲಿ. ಅದರ ನೆಲದ ಮೇಲೆ ಗಡಿಯಾರ ಅಷ್ಟು ನಿಧಾನವಾಗಬೇಕಾದರೆ ಸುಮಾರು ಇಪ್ಪತ್ತು ಸೂರ್ಯರ ದ್ರವ್ಯವನ್ನು ಆ ಗೋಲದೊಳಗೆ ತುರುಕಬೇಕು. ಅಷ್ಟು ಮಾಡಿದರೂ, 3.84 ಲಕ್ಷ ಕಿಲೋಮೀಟರ್ ದೂರದ ಭೂಮಿಯ ಮೇಲೆ ಅದರ ಗುರುತ್ವದಿಂದ ಗಡಿಯಾರ ಹಿಂದೆ ಬೀಳುವುದು ದಿನಕ್ಕೆ ಆರೇಳು ಸೆಕೆಂಡ್ ಮಾತ್ರ. ಅದನ್ನು ಗಮನಿಸಲು ಯಾರೂ ಉಳಿದಿರುವುದಿಲ್ಲ. ಭೂಮಿಯ ಒಂದು ಮಗ್ಗುಲಿಗೂ ಇನ್ನೊಂದಕ್ಕೂ ಬೀಳುವ ಸೆಳೆತದ ವ್ಯತ್ಯಾಸವೇ ಈ ನೆಲವನ್ನು ಹರಿದು ಚೂರು ಮಾಡಿರುತ್ತದೆ.

ಆ ಸೆಳೆತದ ವ್ಯತ್ಯಾಸಕ್ಕೆ ನಾವು ದಿನವೂ ಕಾಣುವ ಸೌಮ್ಯ ರೂಪವೊಂದಿದೆ: ಕಡಲಿನ ಉಬ್ಬರವಿಳಿತ. ಚಂದ್ರ ನಿಜವಾಗಿ ನಮ್ಮ ಹೊತ್ತನ್ನು ತಿದ್ದುವುದು ಇದರ ಮೂಲಕ. ಭೂಮಿ ಬೇಗ ತಿರುಗುವುದರಿಂದ ಉಬ್ಬಿದ ನೀರು ಚಂದ್ರನ ನೇರಕ್ಕೆ ನಿಲ್ಲದೆ ತುಸು ಮುಂದಕ್ಕೆ ಹೋಗುತ್ತದೆ. ಚಂದ್ರ ಅದನ್ನು ಹಿಂದಕ್ಕೆ ಜಗ್ಗುತ್ತದೆ. ತಿರುಗುವ ಚಕ್ರಕ್ಕೆ ಕೈ ಒತ್ತಿ ಹಿಡಿದಂತೆ ಭೂಮಿಯ ವೇಗ ಇಳಿಯುತ್ತದೆ. ಭೂಮಿ ಕಳೆದುಕೊಂಡ ಕೋನೀಯ ಸಂವೇಗ ಚಂದ್ರನಿಗೆ ಸೇರಿ ಅದು ವರ್ಷಕ್ಕೆ 3.8 ಸೆಂಟಿಮೀಟರ್ ದೂರ ಸರಿಯುತ್ತದೆ. ಅಪೊಲೊ ಯಾತ್ರಿಗಳು ಇಟ್ಟುಬಂದ ಪ್ರತಿಫಲಕಗಳಿಗೆ ಲೇಸರ್ ಬಿಟ್ಟು ಇದನ್ನು ಅಳೆದಿದ್ದಾರೆ.

ನಮ್ಮ ದಿನ ಉದ್ದವಾಗುತ್ತಿರುವುದು ಶತಮಾನಕ್ಕೆ ಎರಡು ಮಿಲಿಸೆಕೆಂಡಿನ ಆಸುಪಾಸು. ಇಷ್ಟೇ ತಾನೇ ಎನ್ನುವಂತಿಲ್ಲ, ಏಕೆಂದರೆ ಇದು ದಿನದಿನವೂ ಕೂಡಿಕೊಳ್ಳುತ್ತದೆ. ಕ್ರಿ.ಪೂ. 136ರ ಏಪ್ರಿಲ್ 15ರಂದು ಬ್ಯಾಬಿಲೋನಿನಲ್ಲಿ ಸೂರ್ಯ ಪೂರ್ತಿ ಮರೆಯಾದದ್ದನ್ನು ಅಲ್ಲಿಯವರು ಜೇಡಿಮಣ್ಣಿನ ಫಲಕಗಳಲ್ಲಿ ಬರೆದಿಟ್ಟಿದ್ದಾರೆ. ಭೂಮಿ ಅಂದಿನಿಂದ ಇಂದಿನ ವೇಗದಲ್ಲೇ ತಿರುಗುತ್ತಿದೆ ಎಂದುಕೊಂಡು ಲೆಕ್ಕ ಹಾಕಿದರೆ ಆ ಗ್ರಹಣದ ನೆರಳು ಬ್ಯಾಬಿಲೋನಿಗೆ ಬೀಳುವುದೇ ಇಲ್ಲ. ಸುಮಾರು 49 ಡಿಗ್ರಿ ಪಶ್ಚಿಮಕ್ಕೆ ಸರಿಯುತ್ತದೆ. ಚೂರುಚೂರೇ ಕೂಡಿ ಮೂರು ಗಂಟೆಗೂ ಹೆಚ್ಚಿನ ಅಂತರವಾಗಿದೆ. ತಮ್ಮ ಊರಿನ ಆಕಾಶದಲ್ಲಿ ಕಂಡದ್ದನ್ನು ತಪ್ಪದೆ ದಾಖಲಿಸಿದ ಆ ಲಿಪಿಕಾರರಿಂದಾಗಿ ಭೂಮಿಯ ವೇಗ ಇಳಿದದ್ದನ್ನು ಇಂದು ನಾವು ಅಳೆಯಬಲ್ಲೆವು. ಇನ್ನೂ ಹಿಂದಕ್ಕೆ ಹೋದರೆ ಹವಳಗಳಿವೆ. ಡೆವೋನಿಯನ್ ಯುಗದ ಹವಳದ ಪಳೆಯುಳಿಕೆಗಳಲ್ಲಿ ದಿನಕ್ಕೊಂದರಂತೆ ಬೆಳೆದ ಗೆರೆಗಳನ್ನು ಎಣಿಸಿದ ವಿಜ್ಞಾನಿ ಜಾನ್ ವೆಲ್ಸ್, ಆಗ ವರ್ಷಕ್ಕೆ ಸುಮಾರು 400 ದಿನಗಳಿದ್ದವೆಂದು 1963ರಲ್ಲಿ ಪ್ರಕಟಿಸಿದರು. ಎಂದರೆ ದಿನಕ್ಕೆ 22 ಗಂಟೆ.

ಉಬ್ಬರ ತರುವ ಈ ಸೆಳೆತದ ವಿಶೇಷವೆಂದರೆ ದೂರ ಕಡಿಮೆಯಾದಂತೆ ಅದು ವಿಪರೀತ ಏರುತ್ತದೆ. ಇದೇ ಚಂದ್ರನನ್ನು ಅರ್ಧ ದೂರಕ್ಕೆ ತಂದರೆ ಉಬ್ಬರದ ಬಲ ಎಂಟು ಪಟ್ಟು. ಉಳಿದದ್ದೆಲ್ಲ ಹಾಗೇ ಇದ್ದರೆ ಭೂಮಿಯನ್ನು ತಡೆಯುವ ಹಿಡಿತ 64 ಪಟ್ಟು. ಇದರ ಕೊನೆ ಹೇಗಿರುತ್ತದೆಂದು ನೋಡಲು ಪ್ಲೂಟೊ ಇದೆ. ಅದರ ದೊಡ್ಡ ಉಪಗ್ರಹ ಶ್ಯಾರನ್ ಪ್ಲೂಟೊವನ್ನು ಕಟ್ಟಿಹಾಕಿ, ತಾನೂ ಕಟ್ಟಿಸಿಕೊಂಡಿದೆ. ಅಲ್ಲಿ ದಿನವೂ ತಿಂಗಳೂ ಒಂದೇ ಅಳತೆ, ನಮ್ಮ 6.4 ದಿನ. ಪ್ಲೂಟೊದ ಒಂದು ಅರ್ಧಗೋಳದಲ್ಲಿ ನಿಂತವರಿಗೆ ಶ್ಯಾರನ್ ಹುಟ್ಟುವುದೂ ಇಲ್ಲ, ಮುಳುಗುವುದೂ ಇಲ್ಲ. ಇನ್ನೊಂದು ಅರ್ಧದವರಿಗೆ ಅಂಥದ್ದೊಂದು ಇದೆಯೆಂದೇ ತಿಳಿಯದು.

ಕನ್ನಡದಲ್ಲಿ ಹೊಸ ಲೋಕಗಳನ್ನು ಕಟ್ಟಿ ಕಥೆ ಬರೆಯುವವರಲ್ಲಿ ನನ್ನದೊಂದು ಕೋರಿಕೆ. ನಿಮ್ಮ ಚಂದ್ರನಿಗೆ ಮಂತ್ರವನ್ನೂ ಇಪ್ಪತ್ತು ಸೂರ್ಯರ ತೂಕವನ್ನೂ ಕೊಡುವ ಮೊದಲು ಅದನ್ನು ಸುಮ್ಮನೆ ಹತ್ತಿರಕ್ಕೆ ತಂದು, ನೂರಾರು ತಲೆಮಾರು ಬದುಕಿದ ಒಂದು ಜನಾಂಗವನ್ನು ಕೆಳಗಿರಿಸಿ ನೋಡಿ. ಅವರ ಹಳೆಯ ಪಂಚಾಂಗಗಳು ಒಂದೊಂದಾಗಿ ತಪ್ಪುತ್ತ ಹೋಗುವ ಕಥೆಯನ್ನು ಬರೆಯಿರಿ. ಓದಲು ನಾನಂತೂ ಕಾದಿದ್ದೇನೆ.