ದಂಡ ತಂದ ಮಾತಿಗೆ 20 ಲಕ್ಷ ಡಾಲರ್ ಬೆಲೆ!

ಪ್ರಸಾರವಾದೊಡನೆ ಗಾಳಿಯಲ್ಲಿ ಕರಗಿಹೋಗುವ ರೇಡಿಯೊ ಮಾತಿಗೆ ಬೆಲೆ ಎಷ್ಟು? ಅಮೆರಿಕದ ಉಪಗ್ರಹ ರೇಡಿಯೊ ಸಂಸ್ಥೆ ಸಿರಿಯಸ್ 2006ರ ಮೇ ತಿಂಗಳಲ್ಲಿ ಅಂಥ ಮಾತಿಗೆ 20 ಲಕ್ಷ ಡಾಲರ್ ತೆತ್ತಿತು. ಅದು ಪಡೆದದ್ದು ವಿವಾದಾತ್ಮಕ ನಿರೂಪಕ ಹೋವರ್ಡ್ ಸ್ಟರ್ನ್ ಅವರ ಹಳೆಯ ಕಾರ್ಯಕ್ರಮಗಳ ಹಕ್ಕನ್ನು. ಧ್ವನಿಮುದ್ರಣಗಳ ಒಟ್ಟು ಅವಧಿ ಸುಮಾರು 23 ಸಾವಿರ ಗಂಟೆ. ಹಗಲಿರುಳು ಬಿಡದೆ ಕೇಳಿದರೂ ಎರಡೂವರೆ ವರ್ಷ ಸಾಲದು.

ಸಾಕ್ಷ್ಯವಾದ ಟೇಪು

ಕೇಳುಗರನ್ನು ಬೆಚ್ಚಿಬೀಳಿಸುವುದನ್ನೇ ಬಂಡವಾಳ ಮಾಡಿಕೊಂಡ ನಿರೂಪಕರನ್ನು ಅಮೆರಿಕನ್ನರು 'ಶಾಕ್ ಜಾಕ್' ಎನ್ನುತ್ತಾರೆ. ಸ್ಟರ್ನ್ ಅವರಲ್ಲಿ ಅಗ್ರಗಣ್ಯರು. 1985ರಲ್ಲಿ ನ್ಯೂಯಾರ್ಕಿನ ಒಂದು ಕೇಂದ್ರ ಅವರನ್ನು ಹೊರಹಾಕಿದಾಗ, ಅದೇ ನಗರದ ಡಬ್ಲ್ಯುಎಕ್ಸ್‌ಆರ್‌ಕೆ ಅವರಿಗೆ ಮೈಕ್ ನೀಡಿತು. ಲೈಂಗಿಕ ವಿಷಯ, ಅವಹೇಳನ, ಜನಾಂಗೀಯ ವ್ಯಂಗ್ಯ ಕಾರ್ಯಕ್ರಮದ ಸರಕಾಗಿದ್ದವು.

ಬೆಳಿಗ್ಗೆ 6ರಿಂದ ರಾತ್ರಿ 10ರವರೆಗೆ ಅಸಭ್ಯ ಪ್ರಸಾರವನ್ನು ಅಮೆರಿಕದ ಸಂಪರ್ಕ ಆಯೋಗ ನಿಷೇಧಿಸಿದೆ. ದೂರು ನೀಡುವವರು ಮಾತಿನ ಟೇಪನ್ನೋ ಲಿಖಿತ ರೂಪವನ್ನೋ ಒದಗಿಸಬೇಕಿತ್ತು. ಹೀಗಾಗಿ ಧ್ವನಿಮುದ್ರಣವೇ ಸಾಕ್ಷ್ಯವಾಯಿತು. ಕಾರ್ಯಕ್ರಮದ ಒಡೆತನ ಹೊಂದಿದ್ದ ಇನ್ಫಿನಿಟಿ ಸಂಸ್ಥೆ 1995ರಲ್ಲಿ 17 ಲಕ್ಷ ಡಾಲರ್ ಪಾವತಿಸಿ ಪ್ರಕರಣಗಳನ್ನು ಮುಗಿಸಿಕೊಂಡಿತು.

ಚಂದಾದಾರರಿಗಷ್ಟೇ ಕೇಳುವ ಉಪಗ್ರಹ ರೇಡಿಯೊಗೆ ಈ ನಿರ್ಬಂಧವಿಲ್ಲ. 2006ರ ಜನವರಿಯಲ್ಲಿ ಸ್ಟರ್ನ್ ಸಿರಿಯಸ್ ಸೇರಿದರು. ತನ್ನ ಪ್ರಸಾರದ ಅವಧಿಯಲ್ಲೇ ಅವರು ಹೊಸ ಸಂಸ್ಥೆಗೆ ಪ್ರಚಾರ ನೀಡಿದರೆಂದು ಸಿಬಿಎಸ್ ರೇಡಿಯೊ ಫೆಬ್ರುವರಿಯಲ್ಲಿ ಮೊಕದ್ದಮೆ ಹೂಡಿತು. ಆ ವ್ಯಾಜ್ಯದ ರಾಜಿಯಲ್ಲೇ ಹಳೆಯ ಟೇಪುಗಳು ಕೈಬದಲಾದವು.

ಚುನಾವಣೆಗೆ ಬಂದ ದನಿ

ಈ ಭಂಡಾರ ಕೇವಲ ಮನರಂಜನೆಯ ಕಸವಲ್ಲ ಎಂಬುದು ತಿಳಿದದ್ದು 2016ರಲ್ಲಿ. ಇರಾಕ್ ಯುದ್ಧವನ್ನು ತಾವು ಮೊದಲಿನಿಂದಲೂ ವಿರೋಧಿಸಿದ್ದಾಗಿ ಡೊನಾಲ್ಡ್ ಟ್ರಂಪ್ ಹೇಳಿಕೊಳ್ಳುತ್ತಿದ್ದರು. ಆದರೆ 2002ರ ಸೆಪ್ಟೆಂಬರ್ 11ರಂದು ಸ್ಟರ್ನ್ ಪ್ರಶ್ನೆಗೆ ಅವರು ಅನುಮಾನಿಸುತ್ತಲೇ ಯುದ್ಧದ ಪರ ಉತ್ತರಿಸಿದ್ದು ಧ್ವನಿಮುದ್ರಣದಲ್ಲಿತ್ತು. ಬಜ್‌ಫೀಡ್ ಅದನ್ನು ಪತ್ತೆಹಚ್ಚಿತು.

2017ರಲ್ಲಿ ಫ್ಯಾಕ್ಟ್‌ಬೇಸ್ ಸಂಸ್ಥೆ ಟ್ರಂಪ್ ಸಂದರ್ಶನಗಳನ್ನು ಒಟ್ಟುಗೂಡಿಸಿ ಅಂತರ್ಜಾಲದಲ್ಲಿ ಪ್ರಕಟಿಸಿತು. ಹಕ್ಕುಸ್ವಾಮ್ಯದ ಆಕ್ಷೇಪ ಎದುರಾಗಿ ಆ ಧ್ವನಿ ಕಡತಗಳನ್ನು ತೆಗೆಯಬೇಕಾಯಿತು. ಒಂದು ಕಾಲಕ್ಕೆ ಲಕ್ಷಾಂತರ ಜನ ಉಚಿತವಾಗಿ ಕೇಳಿದ್ದ ಮಾತು ಹೀಗೆ ಖಾಸಗಿ ಸ್ವತ್ತಾಗಿ ಬೀಗದೊಳಗೆ ಸೇರಿತು.

ಸ್ವತಃ ಸ್ಟರ್ನ್ ತಮ್ಮ ಹಳೆಯ ವೈಖರಿಯ ಬಗ್ಗೆ 2019ರ ಪುಸ್ತಕದಲ್ಲಿ ನಾಚಿಕೆ ವ್ಯಕ್ತಪಡಿಸಿದ್ದಾರೆ. ಅವಮಾನಕ್ಕೆ ಗುರಿಯಾದವರಿಗೂ ಆ ಟೇಪುಗಳು ಮರುಪ್ರಸಾರವಾಗದಿರುವುದೇ ಹಿತವೆನಿಸಬಹುದು. ಆದರೆ ಅಧಿಕಾರಕ್ಕೇರಿದವರ ಹಿಂದಿನ ಮಾತನ್ನು ಪರಿಶೀಲಿಸುವವರಿಗೆ ಅವೇ ದಾಖಲೆ. ಯಾವುದನ್ನು ಕೇಳಿಸಬೇಕು, ಯಾವುದನ್ನು ಮುಚ್ಚಿಡಬೇಕು ಎಂಬ ತೀರ್ಮಾನ ಮಾತ್ರ ಹಕ್ಕುದಾರ ಕಂಪೆನಿಯ ಕೈಯಲ್ಲಿದೆ.