ಸೊಪ್ಪು ರೈತನದು, ಕಲ್ಲು ಸರ್ಕಾರದ್ದು

ಶಿರಸಿ, ಸಿದ್ದಾಪುರ, ಯಲ್ಲಾಪುರ ಸೀಮೆಯಲ್ಲಿ ಮನೆ ಕಟ್ಟಲು ಹೊರಟವರು ಮೊದಲು ವಿಚಾರಿಸುವುದು ಚಿರೆಕಲ್ಲಿನ ದರವನ್ನು. ನೆಲದೊಳಗೆ ಮೆತ್ತಗಿದ್ದು, ಕಡಿದು ಗಾಳಿ ಬಿಸಿಲಿಗೆ ಇಟ್ಟ ಮೇಲೆ ಗಟ್ಟಿಯಾಗುವ ಈ ಕೆಂಪು ಕಲ್ಲಿಗೆ ‘ಲ್ಯಾಟರೈಟ್’ ಎಂದು ಹೆಸರಿಟ್ಟವನು ಫ್ರಾನ್ಸಿಸ್ ಬುಕಾನನ್. ಟಿಪ್ಪುವಿನ ಪತನದ ನಂತರ ಮೈಸೂರು, ಕೆನರಾ, ಮಲಬಾರುಗಳನ್ನು ಸುತ್ತಿದ ಆತನ ಪ್ರವಾಸ ಗ್ರಂಥ 1807ರಲ್ಲಿ ಪ್ರಕಟವಾಯಿತು. ಇಟ್ಟಿಗೆ ಎಂಬರ್ಥದ ಲ್ಯಾಟಿನ್ ಪದವೇ ಆ ಹೆಸರಿನ ಮೂಲ.

ಕೈಯಿಂದ ಕಲ್ಲು ಕಡಿಯುತ್ತಿದ್ದ ಕಾಲದಲ್ಲಿ ಒಂದು ಗುಂಡಿ ಒಂದು ಮನೆಗಾದರೆ ಮುಗಿಯುತ್ತಿತ್ತು. ಗರಗಸದ ಯಂತ್ರವೂ ಲಾರಿಯೂ ಬಂದ ಮೇಲೆ ಅದು ವ್ಯಾಪಾರವಾಯಿತು. ಹಿಂದೆಯೇ ಕಾನೂನೂ ಬಂತು.

ಗಣಿ ಎಂದೊಡನೆ ಸಂಡೂರಿನ ಅದಿರು ನೆನಪಾಗುತ್ತದೆ. ಆದರೆ ಕಟ್ಟಡದ ಕಲ್ಲು, ಮರಳು, ಜಲ್ಲಿ ಕೂಡ ಖನಿಜಗಳೇ. 1957ರ ಕೇಂದ್ರ ಕಾಯ್ದೆ ಇವನ್ನು ಉಪಖನಿಜಗಳೆಂದು ಕರೆದು, ನಿಯಮ ರೂಪಿಸುವ ಅಧಿಕಾರವನ್ನು ರಾಜ್ಯಗಳಿಗೆ ಬಿಟ್ಟಿದೆ. ಕರ್ನಾಟಕದಲ್ಲಿ ಈಗಿರುವುದು ಹಲವು ಬಾರಿ ತಿದ್ದುಪಡಿ ಕಂಡ 1994ರ ಉಪಖನಿಜ ರಿಯಾಯಿತಿ ನಿಯಮಗಳು.

‘ಜಮೀನು ನನ್ನದು, ಕಲ್ಲೂ ನನ್ನದೇ’ ಎನ್ನುವ ರೈತನ ನಂಬಿಕೆ ಸಹಜವಾದುದೇ. ಆದರೆ 1964ರ ಕರ್ನಾಟಕ ಭೂಕಂದಾಯ ಕಾಯ್ದೆಯ 70ನೇ ಕಲಮಿನ ಪ್ರಕಾರ ಖನಿಜಗಳ ಹಕ್ಕು ಸರ್ಕಾರದ್ದು. ಆದ್ದರಿಂದ ಮಾರಾಟಕ್ಕೆ ಕಲ್ಲು ತೆಗೆಯುವವನು ತನ್ನ ಖಾತೆಯ ಜಮೀನಿನಲ್ಲೂ ಅರ್ಜಿ ಹಾಕಬೇಕು, ರಾಜಧನ ಕಟ್ಟಬೇಕು. ಅರ್ಜಿಯ ದಾರಿ ಘಟ್ಟ ಇಳಿದು ಕಾರವಾರದ ಗಣಿ ಮತ್ತು ಭೂವಿಜ್ಞಾನ ಇಲಾಖೆಗೆ. ಅದರ ಜೊತೆ ಕಂದಾಯ ಮತ್ತು ಅರಣ್ಯ ಇಲಾಖೆಗಳ ಅಭಿಪ್ರಾಯವೂ ಬೇಕು. 2012ರ ಫೆಬ್ರುವರಿಯಲ್ಲಿ ದೀಪಕ್ ಕುಮಾರ್ ಪ್ರಕರಣದ ತೀರ್ಪು ನೀಡಿದ ಸುಪ್ರೀಂ ಕೋರ್ಟ್, ಐದು ಹೆಕ್ಟೇರಿಗಿಂತ ಚಿಕ್ಕ ಗುತ್ತಿಗೆಗೂ ಪರಿಸರ ಅನುಮತಿ ಬೇಕೆಂದಿತು. ಉದ್ದೇಶ ಒಳ್ಳೆಯದೇ. ಆದರೆ ಅರ್ಧ ಎಕರೆಯ ರೈತನಿಗೂ ದೊಡ್ಡ ಗುತ್ತಿಗೆದಾರನಿಗೂ ಕಾಗದಪತ್ರದ ಹೊರೆ ಹೆಚ್ಚುಕಡಿಮೆ ಒಂದೇ ಆದಾಗ, ರಾತ್ರಿ ಲಾರಿ ತುಂಬುವವನಿಗೇ ಅನುಕೂಲ.

ಈ ಮೂರು ತಾಲ್ಲೂಕುಗಳ ನಿಜವಾದ ತೊಡಕು ಇರುವುದು ಸೊಪ್ಪಿನ ಬೆಟ್ಟದಲ್ಲಿ. ಅಡಿಕೆ ತೋಟಕ್ಕೆ ಸೊಪ್ಪು, ದರಕು, ಕಟ್ಟಿಗೆ ಒದಗಲೆಂದು ಮುಂಬಯಿ ಆಡಳಿತದ ಕಾಲದಲ್ಲಿ ಬೆಟ್ಟಗಳನ್ನು ತೋಟಿಗರಿಗೆ ಹಚ್ಚಿಕೊಡಲಾಯಿತು. ಘಟ್ಟದ ಮೇಲೆ ಎಕರೆ ತೋಟಕ್ಕೆ ಒಂಬತ್ತು ಎಕರೆಯವರೆಗೆ ಬೆಟ್ಟ ಎಂಬುದು ರೂಢಿಯ ಲೆಕ್ಕ. ಭೂಕಂದಾಯ ಕಾಯ್ದೆಯ 79ನೇ ಕಲಮು ಉತ್ತರ ಕನ್ನಡದ ಬೆಟ್ಟ ಮತ್ತು ಹಾಡಿಗಳ ಈ ಸವಲತ್ತನ್ನು ಹೆಸರಿಸಿಯೇ ಉಳಿಸಿದೆ. ಆದರೆ ಉಳಿಸಿರುವುದು ಸವಲತ್ತನ್ನು, ಒಡೆತನವನ್ನಲ್ಲ. ಬೆಟ್ಟ ಅರಣ್ಯವೇ ಆಗಿರುವಲ್ಲಿ ಒಂದು ಚಿರೆ ಎಬ್ಬಿಸಬೇಕಾದರೂ 1980ರ ಅರಣ್ಯ ಸಂರಕ್ಷಣಾ ಕಾಯ್ದೆಯಡಿ ಕೇಂದ್ರದ ಒಪ್ಪಿಗೆ ಬೇಕು. ತಲೆಮಾರುಗಳಿಂದ ಬೇಲಿ ಹಾಕಿ ಕಾದುಕೊಂಡು ಬಂದವರಿಗೆ ಇದು ಅರಗದ ಮಾತು.

ತೋಟಿಗನ ಹಿತವೂ ಇದರಲ್ಲಿದೆ. ರಂಧ್ರಗಳಿಂದ ತುಂಬಿದ ಚಿರೆಕಲ್ಲಿನ ಪದರ ಮಳೆನೀರನ್ನು ಹಿಡಿದು ನಿಧಾನವಾಗಿ ಕೆಳಗೆ ಬಿಡುತ್ತದೆ. ಬೇಸಿಗೆಯಲ್ಲಿ ತೋಟದ ಬಾವಿ, ಹಳ್ಳಗಳಿಗೆ ಒಸರುವುದು ಅದೇ ನೀರು. ಬೆಟ್ಟದ ನೆತ್ತಿಯ ಕಲ್ಲು ಒಬ್ಬನಿಗೆ ಹಣ ತಂದರೆ, ಕಣಿವೆಯಲ್ಲಿ ಬಾವಿ ಬತ್ತುವುದು ಇನ್ನೊಬ್ಬನದಿರಬಹುದು.

ಶಿಕ್ಷೆಯೇನೂ ಹಗುರವಲ್ಲ. 2015ರ ತಿದ್ದುಪಡಿಯಂತೆ ಅಕ್ರಮ ಗಣಿಗಾರಿಕೆಗೆ ಐದು ವರ್ಷದವರೆಗೆ ಸೆರೆ, ಹೆಕ್ಟೇರಿಗೆ ಐದು ಲಕ್ಷ ರೂಪಾಯಿವರೆಗೆ ದಂಡ. ಪರವಾನಗಿಯಿಲ್ಲದೆ ಸಾಗಿಸಿದರೆ ವಾಹನ ಜಪ್ತಿ. ಪೊಲೀಸರು ಇದನ್ನು ಕಳ್ಳತನವೆಂದೂ ದಾಖಲಿಸಬಹುದೆಂದು 2014ರಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ. ಹಾಗೆಂದು ಬಿಗಿ ಮಾಡಿದರೆ ಏನಾಗುತ್ತದೆ ಎಂಬುದನ್ನು 2025ರಲ್ಲಿ ದಕ್ಷಿಣ ಕನ್ನಡ ಕಂಡಿತು: ಕೆಂಪುಕಲ್ಲಿನ ಅಭಾವದಿಂದ ಕಟ್ಟಡ ಕೆಲಸ ನಿಂತು ಕೂಲಿಕಾರರು ಪರದಾಡಿದರು, ನಿಯಮ ಸರಳಗೊಳಿಸುವ ಕೂಗು ಎದ್ದಿತು. ಘಟ್ಟದ ಮೇಲೂ ಅಂಥ ಸಡಿಲಿಕೆಯಿಂದ ಖಾತೆ ಜಮೀನಿನವರಿಗೆ ಅನುಕೂಲವಾದೀತು. ಅರಣ್ಯವೆಂದು ದಾಖಲಾಗಿರುವ ಬೆಟ್ಟಕ್ಕೆ ಮಾತ್ರ ಅದು ಅನ್ವಯಿಸದು.