ಬೆಳಕು ಮೆಲ್ಲನೆ ನಡೆಯುವ ನಗರ

ಕಾಲವು ಅರಸನಿಗೂ ಆಳಿಗೂ, ನಿಂತವನಿಗೂ ನಡೆಯುವವನಿಗೂ ಒಂದೇ ಸಮನಾಗಿ ಸಾಗುವುದೆಂಬುದು ನಮ್ಮೆಲ್ಲರ ನಂಬಿಕೆ. ಈ ನಂಬಿಕೆ ಸಲ್ಲದ ನಗರವೊಂದನ್ನು ಭೌತವಿಜ್ಞಾನಿ ಜಾರ್ಜ್ ಗ್ಯಾಮೋ ತಮ್ಮ ಕಲ್ಪನೆಯಲ್ಲಿ ಕಟ್ಟಿದರು. 1938ರಲ್ಲಿ ಇಂಗ್ಲೆಂಡಿನ ‘ಡಿಸ್ಕವರಿ’ ಎಂಬ ವಿಜ್ಞಾನ ಪತ್ರಿಕೆಯಲ್ಲಿ ಬೆಳಕು ಕಂಡ ಅವರ ಕಥೆಯ ನಾಯಕ ಟಾಂಪ್ಕಿನ್ಸ್ ಎಂಬ ಬ್ಯಾಂಕಿನ ಗುಮಾಸ್ತ. ಸಾಪೇಕ್ಷತಾ ಸಿದ್ಧಾಂತದ ಉಪನ್ಯಾಸವನ್ನು ಕೇಳುತ್ತ ತೂಕಡಿಸಿದ ಈತನು ಕನಸಿನಲ್ಲಿ ಆ ನಗರವನ್ನು ಸೇರುತ್ತಾನೆ. ಅಲ್ಲಿ ಬೈಸಿಕಲ್ ಸವಾರರು ಚಪ್ಪಟೆಯಾಗಿ ಕಾಣುತ್ತಾರೆ. ಸವಾರಿ ಮಾಡಿದವನ ಕೈಗಡಿಯಾರ ಊರಿನ ಗಡಿಯಾರಕ್ಕಿಂತ ಹಿಂದೆ ಬಿದ್ದಿರುತ್ತದೆ. ರೈಲಿನಿಂದ ಇಳಿದ ನಡುವಯಸ್ಸಿನ ಮನುಷ್ಯನನ್ನು ಹಣ್ಣುಹಣ್ಣು ಮುದುಕಿಯೊಬ್ಬಳು ‘ತಾತ’ ಎಂದು ಕರೆಯುತ್ತಾಳೆ!

ವಾಚಕರು ಇದನ್ನು ಅಡಗೂಲಜ್ಜಿಯ ಕಥೆಯೆಂದು ತಳ್ಳಿಹಾಕಬಾರದು. ಗ್ಯಾಮೋ ಇಲ್ಲಿ ಮುಖ್ಯವಾಗಿ ಬದಲಾಯಿಸಿದುದು ಒಂದೇ ಒಂದು ಸಂಖ್ಯೆಯನ್ನು. ಅದು ಬೆಳಕಿನ ವೇಗ. ನಮ್ಮ ಜಗತ್ತಿನಲ್ಲಿ ಬೆಳಕು ಸೆಕೆಂಡಿಗೆ ಸುಮಾರು 3 ಲಕ್ಷ ಕಿಲೋಮೀಟರು ಸಾಗುತ್ತದೆ. ಆ ನಗರದಲ್ಲಾದರೋ ಅದು ಬೈಸಿಕಲ್ಲಿಗಿಂತ ತುಸು ಮುಂದೆ, ಅಷ್ಟೆ.

ಲೆಕ್ಕದ ಅನುಕೂಲಕ್ಕಾಗಿ ಅಲ್ಲಿ ಬೆಳಕಿನ ವೇಗ ಗಂಟೆಗೆ 30 ಕಿ.ಮೀ. ಎಂದಿಟ್ಟುಕೊಳ್ಳೋಣ. ಅಂಚೆಯವನೊಬ್ಬನು ಗಂಟೆಗೆ 18 ಕಿ.ಮೀ. ವೇಗದಿಂದ ಬೈಸಿಕಲ್ ತುಳಿಯುತ್ತಿರಲಿ. ಅವನ ಬಳಿ ಒಂದು ವಿಶೇಷವಾದ ಗಡಿಯಾರವಿದೆ. ಕೆಳಗೊಂದು ಕನ್ನಡಿ, ಅದರ ನೇರಕ್ಕೆ ಮೇಲೊಂದು ಕನ್ನಡಿ. ಇವುಗಳ ನಡುವೆ ಬೆಳಕಿನ ಕಿರಣವು ಚೆಂಡಿನಂತೆ ಪುಟಿಯುತ್ತಿದೆ. ಕಿರಣವು ಒಂದು ಕನ್ನಡಿಯಿಂದ ಹೊರಟು ಇನ್ನೊಂದನ್ನು ಮುಟ್ಟಿದರೆ ಗಡಿಯಾರದ ಒಂದು ಬಡಿತವಾಯಿತು. ಅಂಚೆಯವನ ಪಾಲಿಗೆ ಕಿರಣವು ನೆಟ್ಟಗೆ ಮೇಲೇರುತ್ತದೆ. ಬೀದಿಯಲ್ಲಿ ನಿಂತಿರುವ ನಮ್ಮ ಪಾಲಿಗೆ ಅದು ಓರೆಯಾಗಿ ಏರುತ್ತದೆ. ಏಕೆಂದರೆ ಅಷ್ಟರಲ್ಲಿ ಮೇಲಿನ ಕನ್ನಡಿಯು ಮುಂದಕ್ಕೆ ಸರಿದಿರುತ್ತದೆ. ಕಿರಣವು ಓರೆಯಾಗಿ 5 ಅಡಿ ಕ್ರಮಿಸುವಷ್ಟರಲ್ಲಿ ಬೈಸಿಕಲ್ಲು 3 ಅಡಿ ಮುಂದೆ ಹೋಗಿರುವುದಾದರೆ, ಲಂಬಕೋನ ತ್ರಿಭುಜದ ನಿಯಮದಂತೆ ಕನ್ನಡಿಗಳ ನಡುವಣ ಎತ್ತರ 4 ಅಡಿ. ಎಂದರೆ, ಅದೇ ಒಂದು ಬಡಿತಕ್ಕೆ ಅವನ ಲೆಕ್ಕದಲ್ಲಿ ಬೆಳಕು ನಡೆದುದು 4 ಅಡಿ, ನಮ್ಮ ಲೆಕ್ಕದಲ್ಲಿ 5 ಅಡಿ.

ಮರ್ಮವಿರುವುದು ಇಲ್ಲಿಯೇ. ಬೆಳಕಿನ ವೇಗವು ನಿಂತವನಿಗೂ ಚಲಿಸುವವನಿಗೂ ಒಂದೇ ಎಂಬುದು 1905ರಲ್ಲಿ ಐನ್‌ಸ್ಟೈನರು ಮುಂದಿಟ್ಟ ಮೂಲತತ್ತ್ವ. ವೇಗ ಒಂದೇ, ದಾರಿಯ ಉದ್ದ ಬೇರೆ; ಆದುದರಿಂದ ಹಿಡಿದ ಕಾಲವೂ ಬೇರೆಯಾಗಲೇಬೇಕು. ಬೀದಿಯಲ್ಲಿ 60 ನಿಮಿಷ ಕಳೆದಾಗ ಅಂಚೆಯವನಿಗೆ ಕಳೆಯುವುದು 48 ನಿಮಿಷ ಮಾತ್ರ. ಇದು ಗಡಿಯಾರದ ದೋಷವಲ್ಲ. ಅವನ ನಾಡಿಯ ಬಡಿತ, ಹಸಿವು, ಗಡ್ಡದ ಬೆಳವಣಿಗೆ ಎಲ್ಲವೂ ನಮ್ಮ ಲೆಕ್ಕದಲ್ಲಿ ಅದೇ ಪ್ರಮಾಣದಲ್ಲಿ ನಿಧಾನವಾಗುತ್ತವೆ. ದಿನಕ್ಕೆ ಬೀದಿಯ ಗಡಿಯಾರದಂತೆ 5 ಗಂಟೆ ತಿರುಗಿ ಮನೆಗೆ ಮರಳಿದರೆ ಅವನಿಗೆ ಒಂದು ಗಂಟೆ ಕಡಿಮೆ ಕಳೆದಿರುತ್ತದೆ. ರಜೆಯಿಲ್ಲದೆ 24 ವರ್ಷ ಹೀಗೆ ದುಡಿದರೆ, ಮನೆಯಲ್ಲೇ ಉಳಿದ ಅವಳಿ ಸೋದರನಿಗಿಂತ ಅವನು ಒಂದು ವರ್ಷ ಕಿರಿಯನಾಗುವನು. ಆದರೆ ಆಯುಸ್ಸು ಹೆಚ್ಚಿತೆಂದು ಅವನು ಹಿಗ್ಗುವಂತಿಲ್ಲ. ಆ ಒಂದು ವರ್ಷವನ್ನು ಅವನು ಬಾಳಿಯೇ ಇಲ್ಲ.

ಹಾಗಾದರೆ ನಮ್ಮ ಊರುಗಳಲ್ಲಿ ಇದೇಕೆ ಕಾಣದು? ಬೆಳಕಿನ ವೇಗದ ಮುಂದೆ ನಮ್ಮ ವೇಗಗಳು ತೀರ ಅಲ್ಪವಾದುದೇ ಕಾರಣ. ಗಂಟೆಗೆ 100 ಕಿ.ಮೀ. ವೇಗದ ರೈಲಿನಲ್ಲಿ ವರ್ಷವಿಡೀ ಕುಳಿತರೂ ಈ ಕಾರಣದಿಂದ ಉಂಟಾಗುವ ವ್ಯತ್ಯಾಸವು, ಒಂದು ಸೆಕೆಂಡನ್ನು ಕೋಟಿ ಪಾಲು ಮಾಡಿದರೆ ಅದರಲ್ಲಿ ಒಂದೂವರೆ ಪಾಲನ್ನೂ ಮುಟ್ಟದು.

ಬೆಳಕಿನೊಡನೆ ಪಂದ್ಯ ಕಟ್ಟಬಲ್ಲ ಕಣಗಳಲ್ಲಿ ಮಾತ್ರ ಇದು ಸ್ಪಷ್ಟವಾಗಿ ತೋರುತ್ತದೆ. ವಿಶ್ವಕಿರಣಗಳು ವಾಯುಮಂಡಲವನ್ನು ಬಡಿದಾಗ ಸುಮಾರು 15 ಕಿ.ಮೀ. ಎತ್ತರದಲ್ಲಿ ಮ್ಯೂಆನ್ ಎಂಬ ಕಣಗಳು ಹುಟ್ಟುತ್ತವೆ. ನಿಶ್ಚಲ ಸ್ಥಿತಿಯಲ್ಲಿ ಇವುಗಳ ಸರಾಸರಿ ಆಯುಸ್ಸು ಸೆಕೆಂಡಿನ ಹತ್ತು ಲಕ್ಷದಲ್ಲಿ 2.2 ಪಾಲು. ಅಷ್ಟರಲ್ಲಿ ಬೆಳಕೂ ಸುಮಾರು 660 ಮೀಟರು ಮಾತ್ರ ಸಾಗಬಲ್ಲುದು. ಆದರೂ ಇವು ನೆಲವನ್ನು ಧಾರಾಳವಾಗಿ ತಲಪುತ್ತವೆ; ಕೋಲಾರದ ಚಿನ್ನದ ಗಣಿಗಳ ಆಳದಲ್ಲಿಯೂ 1950ರ ದಶಕದಲ್ಲಿ ನಮ್ಮ ವಿಜ್ಞಾನಿಗಳು ಇವನ್ನು ಅಳೆದರು. ವೇಗ ಹೆಚ್ಚಿದ ಕಣಗಳು ಹೆಚ್ಚು ಕಾಲ ಬಾಳುತ್ತವೆಂಬುದನ್ನು 1941ರಲ್ಲಿ ರೊಸ್ಸಿ ಮತ್ತು ಹಾಲ್ ಎಂಬವರು ಅಮೆರಿಕದ ಕೊಲರಾಡೊ ಬೆಟ್ಟಗಳಲ್ಲಿ ನಡೆಸಿದ ಅಳತೆಗಳು ತೋರಿಸಿಕೊಟ್ಟವು. ಈ ಕಣಗಳು ನಮ್ಮ ಅಂಚೆಯವನ ಒಡಹುಟ್ಟುಗಳೇ ಸರಿ.

ನಾವು ದಾರಿ ಹುಡುಕಲು ಬಳಸುವ ಜಿ.ಪಿ.ಎಸ್. ಉಪಗ್ರಹಗಳಲ್ಲಿಯೂ ಇದೇ ಲೆಕ್ಕ ಹೊಕ್ಕಿದೆ. ಅವುಗಳ ಗಡಿಯಾರಗಳು ವೇಗದ ದೆಸೆಯಿಂದ ದಿನಕ್ಕೆ ಸುಮಾರು 7 ಮೈಕ್ರೋಸೆಕೆಂಡು ಹಿಂದೆ ಬೀಳುತ್ತವೆ. ಎತ್ತರದಲ್ಲಿ ಭೂಮಿಯ ಗುರುತ್ವ ಕ್ಷೀಣವಾದುದರಿಂದ ಸುಮಾರು 45 ಮೈಕ್ರೋಸೆಕೆಂಡು ಮುಂದೆ ಓಡುತ್ತವೆ. ಉಳಿಯುವ 38 ಮೈಕ್ರೋಸೆಕೆಂಡುಗಳಲ್ಲಿ ಬೆಳಕು 11 ಕಿ.ಮೀ.ಗೂ ಹೆಚ್ಚು ದೂರ ಹೋಗಬಲ್ಲುದು. ಇದನ್ನು ಮೊದಲೇ ತಿದ್ದದೆ ಬಿಟ್ಟಿದ್ದರೆ, ಒಂದೇ ದಿನದಲ್ಲಿ ದೂರದ ಲೆಕ್ಕ ಅಷ್ಟು ತಪ್ಪುತ್ತಿತ್ತು. ರೋಗಿಯ ಮನೆಯನ್ನು ಹುಡುಕಿ ಹೊರಟ ಆಂಬುಲೆನ್ಸು ಬೇರಾವುದೋ ಊರಿನ ಹಾದಿ ಹಿಡಿಯುತ್ತಿತ್ತು.

ಟಾಂಪ್ಕಿನ್ಸನು ಕಂಡುದು ಬೇರೊಂದು ಲೋಕವನ್ನಲ್ಲ. ನಾವು ಬಾಳುತ್ತಿರುವ ಲೋಕದ್ದೇ ನಿಯಮವನ್ನು, ನಮ್ಮ ಬರಿಗಣ್ಣಿಗೆ ಕಾಣುವಷ್ಟು ದೊಡ್ಡದಾಗಿ, ಅವನು ಕಂಡನು.